ಪಕ್ಕದ ಹೊಲಕ್ಕೆ ಹೆಚ್ಚಿದ ಪರಿಹಾರ ನಿಮಗೂ ಸಿಗಬಹುದು
ಸರ್ಕಾರ ಜಮೀನು ಸ್ವಾಧೀನ ಮಾಡಿಕೊಂಡಾಗ ಪರಿಹಾರದ ಚೆಕ್ ಪಡೆದು ಸುಮ್ಮನಿದ್ದೆ, ಈಗ ಪಕ್ಕದ ಹೊಲದವರಿಗೆ ಪರಿಹಾರದ ತಕರಾರು ತೀರ್ಮಾನಿಸುವ ಪ್ರಾಧಿಕಾರ ಪರಿಹಾರ ಹೆಚ್ಚಿಸಿದೆ, ನನಗೂ ಸಿಗುತ್ತದೆಯೇ ಎಂದು ಕೇಳಿದ್ದೀರಿ. 2013ರ ಭೂಸ್ವಾಧೀನ ಕಾಯ್ದೆಯಡಿ ಸ್ವಾಧೀನವಾಗಿದ್ದರೆ 73ನೇ ಕಲಂ ನೋಡಿ. ಇಬ್ಬರ ಜಮೀನೂ ಒಂದೇ ಪ್ರಾಥಮಿಕ ಅಧಿಸೂಚನೆಯಲ್ಲಿ (ಜಮೀನು ಬೇಕೆಂದು ಸರ್ಕಾರ ಮೊದಲು ಹೊರಡಿಸುವ ಪ್ರಕಟಣೆ) ಇರಬೇಕು, ನೀವು ಮೊದಲು ತಕರಾರು ಅರ್ಜಿ ಹಾಕಿರಬಾರದು. ಆ ತೀರ್ಪಾದ ಮೂರು ತಿಂಗಳೊಳಗೆ ಜಿಲ್ಲಾಧಿಕಾರಿಗೆ ಲಿಖಿತ ಅರ್ಜಿ ಕೊಡಬೇಕು. ತೀರ್ಪಿನ ನಕಲು ಪಡೆಯಲು ಹಿಡಿದ ದಿನಗಳು ಲೆಕ್ಕಕ್ಕಿಲ್ಲ. ಹಾಗೆಂದು ಕೂರಬೇಡಿ, ನಾಳೆಯೇ ನಕಲಿಗೆ ಅರ್ಜಿ ಹಾಕಿ. ಹಳೆಯ 1894ರ ಕಾಯ್ದೆಯಾದರೆ 28ಎ ಕಲಂ.

ನಮ್ಮ ತಂದೆ ಚೆಕ್ಕಿನ ರಸೀದಿಯ ಮೂಲೆಯಲ್ಲಿ ‘ಆಕ್ಷೇಪಣೆಯೊಂದಿಗೆ ಪಡೆದಿದ್ದೇನೆ’ ಎಂದು ಬರೆದಾಗ ಗುಮಾಸ್ತ ಮುಖ ಸಿಂಡರಿಸಿದ್ದ. ನೇರವಾಗಿ ಹೆಚ್ಚಳ ಕೇಳುವ ದಾರಿ ಉಳಿದದ್ದು ಆ ಒಂದು ಸಾಲಿನಿಂದಲೇ. ಹಾಗೆ ಬರೆಯದ ನಿಮಗೆ ಆ ಬಾಗಿಲು ಮುಚ್ಚಿದೆ, ಪಕ್ಕದವರ ತೀರ್ಪಿನ ಆಧಾರದ ಮೇಲೆ ಕೇಳುವ ಈ ಬಾಗಿಲು ಮುಚ್ಚಿಲ್ಲ. ಜಮೀನು ಹೋದದ್ದು ರಾಷ್ಟ್ರೀಯ ಹೆದ್ದಾರಿಗಾದರೆ ಮಾತ್ರ ದಾರಿ ಬೇರೆ: ಅಲ್ಲಿ ತಕರಾರು ಮಧ್ಯಸ್ಥಗಾರರ ಮುಂದೆ ಹೋಗುತ್ತದೆ.