ಕಪ್ಪು ದ್ರಾಕ್ಷಿಗೆ ಬಣ್ಣ ಎಲ್ಲಿಂದ ಬರುತ್ತದೆ, ಹಸಿರು ದ್ರಾಕ್ಷಿಗೆ ಯಾಕಿಲ್ಲ?

ಒಂದು ಬೆಂಗಳೂರು ಬ್ಲೂ ದ್ರಾಕ್ಷಿ ಹಿಸುಕಿ ನೋಡಿ. ಸಿಪ್ಪೆ ಕೈಯಲ್ಲೇ ಉಳಿದು ತಿರುಳು ಜಾರಿ ಬರುತ್ತದೆ, ಅದು ಹಸಿರು ಬಣ್ಣದ್ದೇ, ಅಲ್ವಾ? ಕಪ್ಪೆಲ್ಲ ಸಿಪ್ಪೆಯಲ್ಲಿ. ಅದರ ಹೆಸರು ಆಂಥೋಸಯನಿನ್. ಕಾಯಿ ಮೆತ್ತಗಾಗಿ ಸಿಹಿ ಏರುವ ಹೊತ್ತಿಗೆ ಸಿಪ್ಪೆಯೊಳಗಿನ ಕಿಣ್ವಗಳು ಒಂದರ ಹಿಂದೆ ಒಂದು ಕೆಲಸ ಮಾಡಿ ಇದನ್ನು ತಯಾರಿಸುತ್ತವೆ. ಇದರಲ್ಲಿ ಮುಖ್ಯವಾದದ್ದು ಯುಎಫ್‌ಜಿಟಿ ಅನ್ನುವ ಕಿಣ್ವ: ಬಣ್ಣದ ಅಣುವಿಗೆ ಅದು ಒಂದು ಗ್ಲೂಕೋಸ್ ಅಂಟಿಸಿದಾಗಲೇ ಬಣ್ಣ ಕೆಡದೆ ನಿಲ್ಲುವುದು.

ಹಸಿರು ದ್ರಾಕ್ಷಿಯಲ್ಲೂ ಈ ಕಿಣ್ವದ ಜೀನ್ ಇದೆ. ನನಗೆ ತುಂಬಾ ಇಷ್ಟವಾದ ವಿಷಯ ಇದೇ. ಬಹುತೇಕ ಹಸಿರು ತಳಿಗಳಲ್ಲಿ, ಅದನ್ನು ಆನ್ ಮಾಡಬೇಕಾದ ಇನ್ನೊಂದು ಜೀನ್‌ನ ಮುಂಭಾಗದಲ್ಲಿ ಗ್ರೆಟ್1 ಎಂಬ ಡಿಎನ್‌ಎ ತುಂಡು ಬಂದು ಕೂತಿದೆ ಎಂದು ಜಪಾನಿನ ವಿಜ್ಞಾನಿಗಳು 2004ರಲ್ಲಿ ತೋರಿಸಿದರು. ಸ್ವಿಚ್ಚೇ ಒತ್ತದಿದ್ದರೆ ಕಿಣ್ವ ಎಲ್ಲಿಂದ ಬರಬೇಕು? ಇನ್ನು ಕಪ್ಪು ತಳಿಯಲ್ಲೂ ಹಣ್ಣಾಗುವಾಗ ಸೆಕೆ ಜಾಸ್ತಿಯಾದರೆ ಬಣ್ಣ ಸರಿಯಾಗಿ ಏರುವುದಿಲ್ಲ.