ಮಳೆಕಾಡಿನ ಸಾಕ್ಷ್ಯಚಿತ್ರದ ಕೆಲಸಕ್ಕೆ ಸೇರಬೇಕು, ಮೊದಲು ಯಾವ ಕ್ಯಾಮೆರಾ ಕೊಳ್ಳಲಿ?

ಸದ್ಯಕ್ಕೆ ಯಾವುದನ್ನೂ ಕೊಳ್ಳಬೇಡಿ. ಕ್ಯಾಮೆರಾ ಬಾಡಿಗೆಗೆ ಸಿಗುತ್ತೆ, ಅದನ್ನು ತೇವದಿಂದ ಕಾಯಬಲ್ಲ ಅಸಿಸ್ಟೆಂಟ್ ಸಿಗೋದು ಕಷ್ಟ. ಹೊಸಬರಿಗೆ ಈ ಕ್ಷೇತ್ರದ ಒಳಗೆ ಬರಲು ನನ್ನ ಪ್ರಕಾರ ಆ ಅಸಿಸ್ಟೆಂಟ್ ಕೆಲಸವೇ ಸುಲಭದ ದಾರಿ.

ಆಗುಂಬೆಯನ್ನೇ ತಗೊಳ್ಳಿ. ವರ್ಷಕ್ಕೆ ಸುಮಾರು 7,000 ಮಿ.ಮೀ. ಮಳೆ. ಮಳೆ ನಿಂತ ಮೇಲೆ ಹೋಗೋಣ ಅಂದರೆ ಆಗಲ್ಲ. ಕಾಳಿಂಗ ಸರ್ಪ ಮಳೆಗಾಲಕ್ಕೆ ಮುಂಚೆ ತರಗೆಲೆ ಗುಡ್ಡೆ ಹಾಕಿ ಮೊಟ್ಟೆ ಇಡುತ್ತೆ, ಮರಿಗಳು ಹೊರಬರೋದು ಜುಲೈ–ಆಗಸ್ಟ್‌ನ ಜಡಿಮಳೆಯಲ್ಲಿ.

ರೇನ್ ಕವರ್ ಹಾಕಿದರೆ ಮಳೆಹನಿ ತಡೆಯಬಹುದು. ಲೆನ್ಸ್ ಕೆಡಿಸೋದು ಗಾಳಿಯಲ್ಲಿರುವ ತೇವ. ಎಸಿ ಕಾರಿನಿಂದ ತಣ್ಣಗಿನ ಲೆನ್ಸ್ ಹೊರತೆಗೆದ ತಕ್ಷಣ ಗಾಜು ಮಬ್ಬಾಗುತ್ತೆ. ಒರೆಸಿದರೆ ಮತ್ತೆ ಮಬ್ಬು. ಬ್ಯಾಗಿನ ಜಿಪ್ ತೆಗೆಯದೆ ಮುಕ್ಕಾಲು ಗಂಟೆ ಹೊರಗಿಟ್ಟು, ಆಮೇಲೆ ತೆಗೆಯಿರಿ.

ರಾತ್ರಿ ಕ್ಯಾಮೆರಾ, ಲೆನ್ಸ್ ಎಲ್ಲವನ್ನೂ ಒರೆಸಿ, ಮುಚ್ಚಳಕ್ಕೆ ರಬ್ಬರ್ ಪಟ್ಟಿ ಇರುವ ಡಬ್ಬಿಯಲ್ಲಿ ತೇವ ಹೀರುವ ಸಿಲಿಕಾ ಜೆಲ್ ಜೊತೆ ಇಡಿ. ಒಳಗೊಂದು ಪುಟ್ಟ ಹೈಗ್ರೋಮೀಟರ್ (ತೇವಾಂಶ ಅಳೆಯೋ ಮಾಪಕ) ಇರಲಿ. ತೇವಾಂಶ ಶೇ. 40–50ರಲ್ಲಿ ಇರಬೇಕು. 60 ದಾಟಿ ದಿನಗಟ್ಟಲೆ ನಿಂತರೆ ಗಾಜಿನೊಳಗೆ ಜೇಡರ ಬಲೆಯಂಥ ಬಿಳಿ ಎಳೆ ಹಬ್ಬುತ್ತೆ, ಅದೇ ಫಂಗಸ್. ಕಿತ್ತಳೆ ಬಣ್ಣದ ಜೆಲ್ ಹಸಿರಾಯಿತು ಅಂದರೆ ನೀರು ಕುಡಿದಿದೆ ಅಂತ. ಹಳೇ ಬಾಣಲೆಯಲ್ಲಿ (ಅಡುಗೆಯದು ಬೇಡ) ಸಣ್ಣ ಉರಿಯಲ್ಲಿ, ರವೆ ಹುರಿದ ಹಾಗೆ ಕೈಯಾಡಿಸುತ್ತ, ಮತ್ತೆ ಕಿತ್ತಳೆ ಆಗೋವರೆಗೆ ಬಿಸಿ ಮಾಡಿ. 120 ಡಿಗ್ರಿ ಸಾಕು. ಹೆಚ್ಚು ಕಾಯಿಸಿದರೆ ಬಣ್ಣ ಸುಟ್ಟುಹೋಗಿ, ಮುಂದೆ ಒಣಗಿದೆಯೋ ಇಲ್ಲವೋ ತಿಳಿಯಲ್ಲ. ಆರಿಸುವಾಗಲೂ ಮುಚ್ಚಳ ಹಾಕಿಡಿ, ಇಲ್ಲದಿದ್ದರೆ ಮಲೆನಾಡಿನ ಗಾಳಿ ಕುಡಿದು ಪುನಃ ಹಸಿರು.

ಇಂಬಳಕ್ಕೆ ಹೊಗೆಸೊಪ್ಪಿನ ನೀರಲ್ಲಿ ಅದ್ದಿ ಒಣಗಿಸಿದ ಉದ್ದ ಕಾಲುಚೀಲ ಒಳ್ಳೆಯದು. ಡೀಟ್ (ಕೀಟ ಓಡಿಸುವ ರಾಸಾಯನಿಕ) ಇರುವ ಮುಲಾಮು ಹಚ್ಚಿದ ಕೈಯಲ್ಲಿ ಕ್ಯಾಮೆರಾ ಮುಟ್ಟಬೇಡಿ. ಕೆಲವು ಬಗೆಯ ಪ್ಲಾಸ್ಟಿಕ್ಕನ್ನು ಅದು ಕರಗಿಸುತ್ತೆ.

400 ಎಂಬಿಪಿಎಸ್‌ನಲ್ಲಿ (ಸೆಕೆಂಡಿಗೆ 400 ಮೆಗಾಬಿಟ್) ಶೂಟ್ ಮಾಡಿದರೆ ಗಂಟೆಗೆ 180 ಜಿಬಿ. ಎರಡು ಡ್ರೈವ್‌ಗೆ ಕಾಪಿ ಮಾಡಿ, ಫೈಲ್ ತೆರೆದು ನೋಡಿ, ಆಮೇಲೆ ಕಾರ್ಡ್ ಫಾರ್ಮ್ಯಾಟ್. ಎರಡೂ ಡ್ರೈವ್ ಒಂದೇ ಬ್ಯಾಗಲ್ಲಿ ಬೇಡ. ಪ್ರತಿ ಜಾಗದಲ್ಲೂ ಐದು ನಿಮಿಷ ಬರೀ ಕಾಡಿನ ಸದ್ದು ರೆಕಾರ್ಡ್ ಮಾಡಿ. ಜೀರುಂಡೆಗಳ ಸದ್ದು ಹೊತ್ತಿಗೊಂದು ಥರ ಇರುತ್ತೆ. ಆ ಪದರ ಇಲ್ಲದಿದ್ದರೆ ಎಡಿಟಿಂಗಲ್ಲಿ ಪ್ರತಿ ಕಟ್ಟೂ ಕಿವಿಗೆ ಹೊಡೆಯುತ್ತೆ.

ಪ್ರೊಡ್ಯೂಸರ್ ಆಗೋದೇ ಗುರಿಯಾದರೆ ಕಾಗದಪತ್ರ ಕಲಿಯಿರಿ. ಅಭಯಾರಣ್ಯದೊಳಗೆ ಚಿತ್ರೀಕರಣಕ್ಕೆ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ 28ನೇ ಸೆಕ್ಷನ್ ಪ್ರಕಾರ ಚೀಫ್ ವೈಲ್ಡ್‌ಲೈಫ್ ವಾರ್ಡನ್ ಅನುಮತಿ ಬೇಕು. ಡ್ರೋನ್ ಇದ್ದರೆ ಅರ್ಜಿಯಲ್ಲೇ ಸ್ಪಷ್ಟವಾಗಿ ಬರೆಯಿರಿ. ಜುಲೈನಲ್ಲಿ ಕಾಳಿಂಗದ ಗೂಡು ಶೂಟ್ ಮಾಡಲು ಜೂನಲ್ಲಿ ಅರ್ಜಿ ಹಾಕಿದರೆ ಆ ವರ್ಷ ಹೋಯಿತು ಅಂತಲೇ ಲೆಕ್ಕ. ಗೂಡು ಯಾರದೋ ಅಡಿಕೆ ತೋಟದ ಅಂಚಲ್ಲಿದ್ದರೆ ತೋಟದವರ ಒಪ್ಪಿಗೆಯೂ ಬೇಕು, ಅದಕ್ಕೆ ಖುದ್ದಾಗಿ ಹೋಗಿ ಮಾತಾಡಿ.