‘ಸೆನ್ಸ್ ಏಟ್’ ನೋಡಿದರೆ ಬೇರೆ ದೇಶದ ಸಹೋದ್ಯೋಗಿಗಳ ಮನಸ್ಸು ಅರ್ಥವಾಗುವುದೇ?

ಹಲವು ದೇಶಗಳವರಿರುವ ತಂಡಕ್ಕೆ ಹೊಸದಾಗಿ ಸೇರಿರುವ ನೀವು, ಅವರನ್ನು ಅರಿಯಲು ‘ಸೆನ್ಸ್ ಏಟ್’ ಎಂಬ ಸರಣಿ ಒಳ್ಳೆಯದೋ, ಬಾಹ್ಯಾಕಾಶ ಯಾನದ ಕಥೆಯಾದ ‘ಸ್ಟಾರ್ ಟ್ರೆಕ್’ ಸರಣಿ ಒಳ್ಳೆಯದೋ ಎಂದು ಕೇಳಿದ್ದೀರಿ. ನಿಮ್ಮ ಜಾಗದಲ್ಲಿ ನಾನೂ ಇದ್ದೆ, ಮೊದಲನೆಯದನ್ನು ಆರಿಸಿಕೊಂಡೆ.

2015ರಲ್ಲಿ ನೆಟ್‌ಫ್ಲಿಕ್ಸ್‌ನಲ್ಲಿ ಆರಂಭವಾದ ಆ ಸರಣಿಯಲ್ಲಿ ಎಂಟು ನಗರಗಳ ಎಂಟು ಮಂದಿ, ಪರಸ್ಪರ ಮುಖಪರಿಚಯವೇ ಇಲ್ಲದಿದ್ದರೂ, ಒಬ್ಬರ ನೋವನ್ನೂ ಭಾಷೆಯನ್ನೂ ಕೌಶಲವನ್ನೂ ಇನ್ನೊಬ್ಬರು ತಮ್ಮದೇ ಎಂಬಂತೆ ಪಡೆಯುತ್ತಾರೆ. ನನಗೆ ಬಹಳ ಹಿಡಿಸಿದವನು ಕೀನ್ಯಾದ ನೈರೋಬಿಯ ಕೆಫಿಯಸ್. ಏಡ್ಸ್ ಪೀಡಿತ ತಾಯಿಯ ಔಷಧಿಗಾಗಿ ಪರದಾಡುತ್ತ, ‘ವ್ಯಾನ್ ಡ್ಯಾಮ್’ ಎಂದು ಹೆಸರಿಟ್ಟ ಮಟಾಟು, ಅಂದರೆ ಅಲ್ಲಿನ ಖಾಸಗಿ ಬಸ್ಸನ್ನು ಓಡಿಸುವವನು.

ನಮ್ಮ ತಂಡದಲ್ಲಿಯೂ ನೈರೋಬಿಯವರೊಬ್ಬರಿದ್ದರು. ಒಂದು ಮಧ್ಯಾಹ್ನ ಊಟದ ಮೇಜಿನಲ್ಲಿ, ಎಲ್ಲರಿಗೂ ಕೇಳಿಸುವಂತೆ, ‘ನೀವು ಎಷ್ಟು ಕಷ್ಟದಿಂದ ಮೇಲೆ ಬಂದಿರಬಹುದು ಎಂಬುದು ನನಗೆ ಅರ್ಥವಾಗುತ್ತದೆ’ ಎಂದುಬಿಟ್ಟೆ. ಅವರ ತಂದೆತಾಯಿ ಇಬ್ಬರೂ ಅಧ್ಯಾಪಕರು. ಅವರು ನಕ್ಕು ಸುಮ್ಮನಾದರು. ಮರುದಿನದಿಂದ ಬೇರೆ ಮೇಜಿಗೆ ಹೋದರು. ಮಾಹಿತಿ ತಪ್ಪಾಗಿದ್ದರೆ ತಿದ್ದಿಕೊಳ್ಳಬಹುದಿತ್ತು, ಆದರೆ ನಾನು ಒಂದು ಪ್ರಶ್ನೆಯನ್ನೂ ಕೇಳದೆ ಉತ್ತರವನ್ನು ಹೊತ್ತುಕೊಂಡು ಹೋಗಿದ್ದೆ; ಅದೂ, ನಿಜ ಹೇಳಬೇಕೆಂದರೆ, ನನ್ನ ಸಹೃದಯತೆಯನ್ನು ಸುತ್ತ ಕುಳಿತವರಿಗೆ ತೋರಿಸುವ ಚಪಲದಿಂದ. ಸಾಲದೆಂಬಂತೆ, ಕ್ಷಮೆ ಕೇಳುವಾಗಲೂ ಸರಣಿಯ ಕಥೆಯನ್ನೇ ವಿವರಿಸಿದೆ. ಅದೇ ಸರಣಿಯ ಮುಂಬಯಿಯ ಕಲಾ, ಗಣಪತಿಯ ಮುಂದೆ ಮದುವೆಯ ಚಿಂತೆ ತೋಡಿಕೊಳ್ಳುವುದನ್ನು ನೋಡಿ ಯಾರಾದರೂ ನನ್ನ ಮನೆಯ ಕಥೆ ತಮಗೆ ಗೊತ್ತು ಎಂದಿದ್ದರೆ ನಾನೇ ಸಿಡಿಮಿಡಿಗೊಳ್ಳುತ್ತಿದ್ದೆ.

ಸರಣಿಯನ್ನು ಮತ್ತೆ ನೋಡಿದಾಗ ಬೇರೊಂದು ಸಂಗತಿ ಕಣ್ಣಿಗೆ ಬಿತ್ತು. ದಕ್ಷಿಣ ಕೊರಿಯಾದ ಸೋಲ್ ನಗರದಲ್ಲಿರುವ ಸನ್ ಎಂಬವಳ ಮುಟ್ಟಿನ ಸಂಕಟವು ಮೆಕ್ಸಿಕೊ ಸಿಟಿಯ ನಟ ಲಿಟೋನ ಮೈಗೆ ಬರುತ್ತದೆ. ಅದು ಯಾರದು, ಏಕೆ ಬಂತು ಎಂಬುದು ಅವನಿಗೆ ಗೊತ್ತಿಲ್ಲ, ಸುಮ್ಮನೆ ಅಳುತ್ತಾನೆ. ಅವನಿಗೆ ನೋವು ಮೊದಲು, ಅರ್ಥ ಆಮೇಲೆ. ಸೋಫಾದಲ್ಲಿ ಕುಳಿತ ನಮಗೆ ಅರ್ಥ ಬೇಗ ಸಿಕ್ಕಿಬಿಡುತ್ತದೆ, ನೋವು ಬರುವುದೇ ಇಲ್ಲ. ಇನ್ನು ಕೆಫಿಯಸ್ ದರೋಡೆಕೋರರ ಎದುರು ನಿಂತಾಗ ಸನ್ ಅವನಿಗೆ ಸಾಂತ್ವನ ಹೇಳುವುದಿಲ್ಲ, ತನ್ನ ಹೊಡೆದಾಟದ ವಿದ್ಯೆಯನ್ನೇ ಕೊಡುತ್ತಾಳೆ.

ಆದುದರಿಂದ ಯಾವ ಸರಣಿ ಎಂಬ ನಿಮ್ಮ ಪ್ರಶ್ನೆಯನ್ನೇ ನಾನು ಒಪ್ಪುವುದಿಲ್ಲ. ಮನರಂಜನೆಗೆ ಯಾವುದನ್ನಾದರೂ ನೋಡಿ. ಕಚೇರಿಯಲ್ಲಿ ಮಾತ್ರ, ಪಕ್ಕದವರು ಈ ವಾರ ಯಾವ ಕೆಲಸದಲ್ಲಿ ಸಿಕ್ಕಿಹಾಕಿಕೊಂಡಿದ್ದಾರೆ ಎಂದು ವಿಚಾರಿಸಿ, ಅದರಲ್ಲಿ ನಿಮ್ಮ ಕೈಲಾದುದನ್ನು ಮಾಡಿಕೊಡಿ. ಅವರಾಗಿ ಎತ್ತದ ಹೊರತು ಅವರ ಊರಿನ ಬಡತನದ ಮಾತನ್ನು ನೀವು ಎತ್ತಬೇಡಿ.